ಇಪ್ಪತ್ತೊಂದರ ಮೇಜಿನ ಲೆಕ್ಕ

ಒಮಾನಿನಲ್ಲಿ ಕ್ಯಾಸಿನೋ ಇಲ್ಲ. 2018ರಲ್ಲಿ ಬಂದ ಅಲ್ಲಿನ ದಂಡಸಂಹಿತೆಯ ಪ್ರಕಾರ ಜೂಜು ಅಪರಾಧ. ಮಸ್ಕತ್ತಿನ ರುವಿಯಲ್ಲೋ ಅಲ್ ಖುವೈರಿನಲ್ಲೋ ಬಾಡಿಗೆ ಮನೆ ಹಿಡಿದಿರುವ ಕನ್ನಡದವರು ರಜೆಯ ದಿನ ರಮ್ಮಿಗೆ ಕೂತರೂ ದುಡ್ಡು ಕಟ್ಟಿ ಆಡುವ ಹಾಗಿಲ್ಲ. ಆದರೆ ಪಕ್ಕದ ಯುಎಇಯಲ್ಲಿ ಗಾಳಿ ಬೇರೆ ದಿಕ್ಕಿಗೆ ಬೀಸುತ್ತಿದೆ. ಜೂಜು ಮತ್ತು ಲಾಟರಿಗಳ ನಿಯಂತ್ರಣಕ್ಕೆಂದು 2023ರಲ್ಲಿ ಅಲ್ಲೊಂದು ಪ್ರಾಧಿಕಾರ ಹುಟ್ಟಿತು. 2024ರ ಅಕ್ಟೋಬರಿನಲ್ಲಿ, ರಾಸ್ ಅಲ್ ಖೈಮಾದ ಅಲ್ ಮರ್ಜಾನ್ ದ್ವೀಪದಲ್ಲಿ ಕ್ಯಾಸಿನೋ ನಡೆಸಲು ಅಮೆರಿಕದ ವಿನ್ ಕಂಪನಿಗೆ ಪರವಾನಗಿ ಸಿಕ್ಕಿತು. 1,500ಕ್ಕೂ ಹೆಚ್ಚು ಕೋಣೆಗಳ ಆ ಹೋಟೆಲನ್ನು 2027ರಲ್ಲಿ ತೆರೆಯುವ ಯೋಜನೆಯಿದೆ. ಮಸ್ಕತ್ತಿನಿಂದ ಒಮಾನಿನದೇ ಭಾಗವಾದ ಮುಸಂದಮ್‌ಗೆ ಕಾರಿನಲ್ಲಿ ಹೋಗುವವರು ಯುಎಇಯನ್ನು ಹಾದು, ರಾಸ್ ಅಲ್ ಖೈಮಾ ದಾಟಿ ಖಸಬ್ ಸೇರುತ್ತಾರೆ. ಹಾಗಾಗಿ ಇದುವರೆಗೆ ಗೋವಾದ ಮಾಂಡೋವಿ ನದಿಯ ಹಡಗುಗಳಲ್ಲಿದ್ದ ಆಟ ಈಗ ದಾರಿಯ ಮಗ್ಗುಲಿಗೇ ಬಂದು ನಿಲ್ಲುತ್ತಿದೆ.

ಈ ಮಾತು ಒಂದು ಶುಕ್ರವಾರ ಅಲ್ ಖುವೈರಿನ ಒಂದು ಮನೆಯಲ್ಲಿ ಊಟದ ಹೊತ್ತಿಗೆ ಎದ್ದಿತು. ಅಕ್ಕ ಮಸ್ಕತ್ತಿನ ಭಾರತೀಯ ಶಾಲೆಯೊಂದರಲ್ಲಿ ಗಣಿತ ಕಲಿಸುವವಳು. ಸೊಹಾರ್‌ನಲ್ಲಿ ಕೆಲಸದಲ್ಲಿರುವ ತಮ್ಮ ವಾರದ ರಜೆಗೆ ಬಂದಿದ್ದ. ಇಬ್ಬರೂ ಶಿವಮೊಗ್ಗದ ಕಡೆಯವರು.

"ಅದು ತೆರೆದ ಮೇಲೆ ಒಂದು ಸಲ ಹೋಗಿ ಬರೋಣ ಅಂತ ನಮ್ಮ ಹುಡುಗರೆಲ್ಲ ಮಾತಾಡಿಕೊಂಡಿದ್ದೇವೆ ಅಕ್ಕ," ಎಂದ ತಮ್ಮ. "ಬೇರೆ ಯಾವ ಆಟವೂ ಬೇಡ, ಬ್ಲಾಕ್‌ಜಾಕ್ ಮಾತ್ರ. ಅದರಲ್ಲಿ ಕ್ಯಾಸಿನೋದವರಿಗೆ ಉಳಿಯೋದು ನೂರಕ್ಕೆ ಅರ್ಧವಂತೆ. ಹೆಚ್ಚುಕಡಿಮೆ ಸಮಸಮ."

"ಆ ಅರ್ಧ ಎಲ್ಲಿಂದ ಬರುತ್ತೆ, ಹೇಳು ನೋಡೋಣ."

"ಅವರದೊಂದು ಎಲೆ ಮುಚ್ಚಿರುತ್ತಲ್ಲ, ಅದರಿಂದ."

"ಅಲ್ಲ. ಸರದಿಯಿಂದ."

ಅಕ್ಕ ಎದ್ದು ಇಸ್ಪೀಟಿನ ಕಟ್ಟು ತಂದಳು. ಪಣಕ್ಕೆ ತಟ್ಟೆಯಲ್ಲಿದ್ದ ಖರ್ಜೂರದ ಬೀಜಗಳು. ಎಲೆ ಕಲಸಿ ತಮ್ಮನಿಗೆ ಎರಡು, ತನಗೆ ಎರಡು ಹಂಚಿದಳು. ತನ್ನದರಲ್ಲಿ ಒಂದನ್ನು ಅಂಗಾತ ಇಟ್ಟಳು: ಕಳಾವರ್ ರಾಜ. ತಮ್ಮನ ಕೈಯಲ್ಲಿ ಒಂಬತ್ತು ಮತ್ತು ಏಳು.

ಆಟದ ನಿಯಮ ಗೊತ್ತಿಲ್ಲದವರಿಗೆ ಇಷ್ಟು ಸಾಕು. ಗುಲಾಮ, ರಾಣಿ, ರಾಜ ಮೂರಕ್ಕೂ ಹತ್ತರ ಬೆಲೆ. ಎಕ್ಕ ಒಂದಾಗಿಯೂ ಹನ್ನೊಂದಾಗಿಯೂ ನಡೆಯುತ್ತದೆ. ಮೊತ್ತ 21ಕ್ಕೆ ಹತ್ತಿರವಿದ್ದವರು ಗೆದ್ದರು, 21 ದಾಟಿದವರು ಸೋತರು. ಆಡುವವನು ಬೇಕಾದಷ್ಟು ಎಲೆ ಕೇಳಬಹುದು, ಬೇಡವೆಂದು ನಿಲ್ಲಲೂಬಹುದು. ಡೀಲರ್‌ಗೆ ಆ ಸ್ವಾತಂತ್ರ್ಯವಿಲ್ಲ: 16ರವರೆಗೆ ಎಳೆಯಲೇಬೇಕು, 17 ಬಂದರೆ ನಿಲ್ಲಬೇಕು.

"ಹದಿನಾರು ಇದೆ. ಎಳೀತೀಯೋ, ನಿಲ್ತೀಯೋ?"

ತಮ್ಮ ಯೋಚಿಸಿ ಎಳೆದ. ಎಂಟು ಬಂತು, ಮೊತ್ತ 24. ಅಕ್ಕ ಅವನ ಬೀಜವನ್ನು ತನ್ನ ಕಡೆ ಎಳೆದುಕೊಂಡು, ಆಮೇಲೆ ಮುಚ್ಚಿದ್ದ ಎಲೆ ತಿರುಗಿಸಿದಳು. ಆರು. ರಾಜನ ಜೊತೆ ಸೇರಿ ಅವಳದೂ ಹದಿನಾರೇ. ನಿಯಮದಂತೆ ಇನ್ನೊಂದು ಎಳೆದಳು: ಒಂಬತ್ತು.

"ನೀನೂ ದಾಟಿದೆಯಲ್ಲ! ನನ್ನ ಬೀಜ ವಾಪಸ್ ಕೊಡು."

"ನಾನು ದಾಟುವ ಮೊದಲೇ ನಿನ್ನ ಆಟ ಮುಗಿದಿತ್ತು. ಇಷ್ಟೇ ನೋಡು, ಕ್ಯಾಸಿನೋದ ಇಡೀ ಬಂಡವಾಳ."

ಬ್ಲಾಕ್‌ಜಾಕಿನ ಗಣಿತವೆಲ್ಲ ಈ ಒಂದು ಜಾಗದಿಂದ ಹೊರಡುತ್ತದೆ. ಡೀಲರ್ ತನ್ನ ನಿಯಮದಂತೆ ಆಡಿದರೆ ನೂರರಲ್ಲಿ ಸುಮಾರು 28 ಸಲ 21 ದಾಟುತ್ತಾನೆ. ಆಡುವವನೂ ಅದೇ ನಿಯಮ ಹಿಡಿದರೆ ಅವನೂ 28 ಸಲ ದಾಟುತ್ತಾನೆ. ಇಬ್ಬರೂ ಒಂದೇ ಕೈಯಲ್ಲಿ ದಾಟುವ ಸಾಧ್ಯತೆ 0.28ನ್ನು 0.28ರಿಂದ ಗುಣಿಸಿದಷ್ಟು, ಅಂದರೆ ನೂರಕ್ಕೆ ಎಂಟರ ಹತ್ತಿರ. ನ್ಯಾಯವಾಗಿ ನೋಡಿದರೆ ಆ ಎಂಟು ಕೈಗಳು ಸಮ. ಆದರೆ ಮೊದಲು ಆಡಿದವನು ಮೊದಲು ಸೋತ ಲೆಕ್ಕವಾದ್ದರಿಂದ ಎಂಟೂ ಕ್ಯಾಸಿನೋಗೆ ಹೋಗುತ್ತವೆ. ಇದಕ್ಕೆ ಪ್ರತಿಯಾಗಿ ಅವರು ಕೊಡುವ ದೊಡ್ಡ ರಿಯಾಯಿತಿ ಒಂದು. ಮೊದಲ ಎರಡೇ ಎಲೆಗಳಲ್ಲಿ ಎಕ್ಕ ಮತ್ತು ಹತ್ತರ ಬೆಲೆಯ ಎಲೆ ಬಂದರೆ, ಅದೇ ಬ್ಲಾಕ್‌ಜಾಕ್, ಪಣದ ಒಂದೂವರೆ ಪಟ್ಟು ಕೊಡುತ್ತಾರೆ. ಒಂದೇ ಕಟ್ಟಿನ ಆಟದಲ್ಲಿ ಅದು 21 ಕೈಗೊಮ್ಮೆ ಬರುವಂಥದ್ದು, ಶೇ 4.83. ಈ ಹೆಚ್ಚುವರಿ ಅರ್ಧದಿಂದ ಆಡುವವನಿಗೆ ಶೇ 2.3ರಷ್ಟು ಮರಳುತ್ತದೆ. ಎಂಟರಲ್ಲಿ ಇದನ್ನು ಕಳೆದರೆ, ಡೀಲರನ್ನೇ ನೋಡಿ ನಕಲು ಮಾಡುವವನ ನಷ್ಟ ನೂರಕ್ಕೆ ಐದೂವರೆ ಚಿಲ್ಲರೆ.

"ಹಾಗಾದರೆ ಅರ್ಧ ಅನ್ನೋ ಲೆಕ್ಕ ಸುಳ್ಳಾ?"

"ಸುಳ್ಳಲ್ಲ. ಅದು ಬಾಯಿಪಾಠ ಮಾಡಿಕೊಂಡು ಒಂದೂ ತಪ್ಪದೆ ಆಡುವವನ ಲೆಕ್ಕ. ನೀನು ಅವನಲ್ಲ."

ಸರದಿಯ ಮಹಿಮೆ ನಮ್ಮ ಊರ ಆಟದಲ್ಲೂ ಇದೆ. 'ಅಂದರ್ ಬಾಹರ್ ಆಡುತ್ತಿದ್ದವರ ಬಂಧನ' ಎಂಬ ಸುದ್ದಿ ಕರ್ನಾಟಕದ ಜಿಲ್ಲಾ ಪುಟಗಳಲ್ಲಿ ಆಗಾಗ ಕಾಣುತ್ತದೆ. ಒಂದು ಎಲೆ ತೆರೆದಿಟ್ಟು, ಒಳಗೊಂದು ಹೊರಗೊಂದು ಹಾಕುತ್ತ ಹೋಗಿ, ಅದೇ ಅಂಕಿಯ ಎಲೆ ಯಾವ ಕಡೆ ಬೀಳುತ್ತದೆ ಎಂದು ಕಾಯುವ ಆಟ. ಇಸ್ಪೀಟಿನಲ್ಲಿ ಇದಕ್ಕಿಂತ ಸರಳವಾದದ್ದು ಸಿಗುವುದು ಕಷ್ಟ. ಹಾಗಿದ್ದೂ ಅದು ಸಮವಲ್ಲ. ಮೊದಲ ಎಲೆ ಯಾವ ಕಡೆ ಬೀಳುತ್ತದೋ ಆ ಕಡೆಗೆ ಶೇ 51.5, ಇನ್ನೊಂದಕ್ಕೆ 48.5. ಅಲ್ಲಿ ಮೊದಲಿಗನಿಗೆ ಲಾಭ, ಬ್ಲಾಕ್‌ಜಾಕಿನಲ್ಲಿ ಮೊದಲಿಗನಿಗೆ ನಷ್ಟ.

ತಮ್ಮ ಹದಿನಾರನ್ನು ಬಿಟ್ಟಿರಲಿಲ್ಲ. "ಆಗ ನಾನು ಎಳೆದದ್ದು ತಪ್ಪಾ?"

"ತಪ್ಪಲ್ಲ. ಹದಿನಾರರ ಮೇಲೆ ಎಳೆದರೆ ಆರರಿಂದ ರಾಜನವರೆಗಿನ ಎಂಟು ಅಂಕಿಗಳೂ ನಿನ್ನನ್ನು ಮುಳುಗಿಸುತ್ತವೆ. ಹದಿಮೂರರಲ್ಲಿ ಎಂಟು ಅಂದರೆ ಶೇ 61. ನಿಂತರೆ ಸುರಕ್ಷಿತ ಅನ್ನಿಸುತ್ತೆ. ಆದರೆ ಎದುರಿಗೆ ಹತ್ತು ಕಾಣುವಾಗ ಡೀಲರ್ ದಾಟೋದು ನೂರರಲ್ಲಿ 23 ಸಲ ಮಾತ್ರ. ನಿಂತವನು 77 ಸಲ ಸೋಲ್ತಾನೆ. ಎಳೆದವನ ನಷ್ಟ ಅದಕ್ಕಿಂತ ಕೂದಲೆಳೆಯಷ್ಟು ಕಡಿಮೆ. ಎರಡೂ ಕೆಟ್ಟದ್ದೇ, ಸ್ವಲ್ಪ ಕಡಿಮೆ ಕೆಟ್ಟದ್ದನ್ನ ನೀನು ಆರಿಸಿಕೊಂಡೆ. ಡೀಲರದ್ದು ಆರು ಕಂಡಿದ್ದರೆ ಮಾತು ಬೇರೆ. ಆಗ ಅವನು ದಾಟುವ ಸಾಧ್ಯತೆ ಶೇ 42. ಹನ್ನೆರಡು ಇದ್ದರೂ ನಿಲ್ಲಬೇಕು."

ಇದನ್ನೆಲ್ಲ ಮೊದಲು ಲೆಕ್ಕ ಹಾಕಿದವರು ಜೂಜುಕೋರರಲ್ಲ, ಅಮೆರಿಕದ ಸೇನೆಯಲ್ಲಿದ್ದ ನಾಲ್ವರು ಯುವಕರು: ರೋಜರ್ ಬಾಲ್ಡ್‌ವಿನ್, ವಿಲ್ಬರ್ಟ್ ಕ್ಯಾಂಟಿ, ಹರ್ಬರ್ಟ್ ಮೈಸೆಲ್, ಜೇಮ್ಸ್ ಮೆಕ್‌ಡರ್ಮಟ್. ಮೇರಿಲ್ಯಾಂಡಿನ ಅಬರ್ಡೀನ್ ಎಂಬ ಸೇನಾ ನೆಲೆಯಲ್ಲಿ ಮೇಜಿನ ಮೇಲಿನ ಲೆಕ್ಕಯಂತ್ರ ಒತ್ತಿ ಒತ್ತಿ, ಯಾವ ಕೈಗೆ ಎಳೆಯಬೇಕು, ಯಾವ ಕೈಗೆ ನಿಲ್ಲಬೇಕು ಎಂಬ ಕೋಷ್ಟಕ ಕಟ್ಟಿದರು. ಅಮೆರಿಕದ ಸಂಖ್ಯಾಶಾಸ್ತ್ರ ಸಂಘದ ಪತ್ರಿಕೆಯಲ್ಲಿ ಅದು ಅಚ್ಚಾದದ್ದು 1956ರಲ್ಲಿ, ನಮ್ಮ ರಾಜ್ಯ ಏಕೀಕರಣವಾದ ವರ್ಷ. ಅವರ ಕೋಷ್ಟಕದಂತೆ ಆಡಿದರೆ ಕ್ಯಾಸಿನೋದ ಲಾಭ ಶೇ 0.62ಕ್ಕೆ ಇಳಿಯುತ್ತದೆಂದು ಅವರು ಕಂಡುಕೊಂಡರು. ಕಂಪ್ಯೂಟರ್ ಇಲ್ಲದೆ ಅಷ್ಟು ಹತ್ತಿರ ತಲುಪಿದ ಆ ದುಡಿಮೆಗೆ ಗೌರವ ಸಲ್ಲಲೇಬೇಕು.

ಆ ಬರಹ ಎಡ್ವರ್ಡ್ ಥಾರ್ಪ್ ಎಂಬ ಗಣಿತಜ್ಞನ ಕಣ್ಣಿಗೆ ಬಿತ್ತು. ಫೋರ್ಟ್ರಾನ್ ಎಂಬ ಕಂಪ್ಯೂಟರ್ ಭಾಷೆ ಕಲಿತು ಎಂಐಟಿಯ ಐಬಿಎಂ 704 ಯಂತ್ರಕ್ಕೆ ಆತ ಕೇಳಿದ ಪ್ರಶ್ನೆ ಬೇರೆಯದು: ಆಡಿಹೋದ ಎಲೆಗಳು ಕಟ್ಟಿಗೆ ಮರಳದಿದ್ದರೆ, ಉಳಿದ ಕಟ್ಟಿನ ಸ್ವಭಾವ ಬದಲಾಗುವುದಿಲ್ಲವೇ? ಬದಲಾಗುತ್ತದೆ. ನಾಲ್ಕು ಐದುಗಳೂ ಆಡಿಹೋದ ಒಂಟಿ ಕಟ್ಟಿನಲ್ಲಿ ಆಡುವವನಿಗೇ ಸುಮಾರು ಶೇ 3ರಷ್ಟು ಮೇಲುಗೈ. ಸಣ್ಣ ಎಲೆಗಳು ಡೀಲರನ್ನು ಕಾಪಾಡುತ್ತವೆ, ಹತ್ತು ಮತ್ತು ಎಕ್ಕಗಳು ಆಡುವವನ ಕೈಹಿಡಿಯುತ್ತವೆ. 1962ರಲ್ಲಿ ಬಂದ ಅವನ 'ಬೀಟ್ ದ ಡೀಲರ್' ಪುಸ್ತಕದಿಂದ ಎಲೆ ಎಣಿಸುವ ವಿದ್ಯೆ ಲೋಕಕ್ಕೆ ತಿಳಿಯಿತು.

"ನಳನ ಕಥೆ ನೆನಪಿದೆಯಾ?" ಅಕ್ಕ ಕೇಳಿದಳು.

ಕನಕದಾಸರ ನಳಚರಿತ್ರೆ ಓದಿದ ಮನೆಗಳಲ್ಲಿ ನಳ ಪಗಡೆಯಲ್ಲಿ ರಾಜ್ಯ ಕಳೆದುಕೊಂಡದ್ದು ಎಲ್ಲರಿಗೂ ಗೊತ್ತು. ಅವನು ಅದನ್ನು ಮರಳಿ ಗೆದ್ದ ಬಗೆಯೂ ಅಷ್ಟೇ ಮುಖ್ಯ. ಮಹಾಭಾರತದ ವನಪರ್ವದಲ್ಲಿ, ರಥದಲ್ಲಿ ಹೋಗುತ್ತಿದ್ದ ಋತುಪರ್ಣ ರಾಜ ದಾರಿಬದಿಯ ತಾರೆ ಮರದ ಎರಡು ಕೊಂಬೆಗಳನ್ನು ನೋಡಿ, ಅವುಗಳಲ್ಲಿ 2,095 ಕಾಯಿಗಳಿವೆ ಎನ್ನುತ್ತಾನೆ. ಬಾಹುಕನ ವೇಷದಲ್ಲಿದ್ದ ನಳ ರಥ ನಿಲ್ಲಿಸಿ ಎಣಿಸುತ್ತಾನೆ, ಲೆಕ್ಕ ಸರಿಯಾಗಿರುತ್ತದೆ. ಆ ಎಣಿಕೆಯ ವಿದ್ಯೆಯೂ ಅಕ್ಷಹೃದಯವೆಂಬ ದಾಳಗಳ ರಹಸ್ಯವೂ ಋತುಪರ್ಣನಲ್ಲಿ ಒಟ್ಟಿಗೇ ಇದ್ದವು. ಅವೆರಡನ್ನೂ ಕಲಿತ ಮೇಲೆಯೇ ನಳ ಮತ್ತೆ ಆಟಕ್ಕೆ ಕೂತದ್ದು. ತಾರೆಕಾಯಿಯೇ ಆ ಕಾಲದ ದಾಳ ಎಂಬುದನ್ನು ನೆನೆದರೆ, ಜೂಜಿಗೂ ಎಣಿಕೆಗೂ ಇರುವ ನಂಟನ್ನು ನಮ್ಮ ಹಿರಿಯರು ಬಹಳ ಹಿಂದೆಯೇ ಕಂಡಿದ್ದರೆಂದು ಸಂತೋಷವಾಗುತ್ತದೆ.

"ನಾನೂ ಎಣಿಸೋದು ಕಲಿತರೆ?"

"ಕಲಿ, ತಲೆಗೆ ಒಳ್ಳೆಯ ವ್ಯಾಯಾಮ. ಆದರೆ ಥಾರ್ಪ್ ಪುಸ್ತಕ ಬಂದು ಅರವತ್ತು ವರ್ಷ ದಾಟಿತು. ಕ್ಯಾಸಿನೋದವರೂ ಓದಿದ್ದಾರೆ. ಒಂದು ಕಟ್ಟಿನ ಬದಲು ಆರು, ಎಂಟು ಕಟ್ಟು ಸೇರಿಸ್ತಾರೆ. ಅರ್ಧಕ್ಕೇ ಕಲಸ್ತಾರೆ. ಬಿಡದೆ ಕಲಸುವ ಯಂತ್ರ ಇಟ್ಟಿದ್ದಾರೆ. ಎಣಿಸುವವನು ಅಂತ ಅನುಮಾನ ಬಂದರೆ ಎಷ್ಟೋ ಕಡೆ ಆಟದಿಂದ ಎಬ್ಬಿಸಿ ಕಳಿಸ್ತಾರೆ. ಇನ್ನು ಫೋನಿನ ಕಂಪ್ಯೂಟರ್ ಆಟದಲ್ಲಿ ಪ್ರತಿ ಕೈಗೂ ಹೊಸದಾಗಿ ಕಲಸಿದ ಲೆಕ್ಕ. ಅಲ್ಲಿ ಎಣಿಸೋಕೆ ಏನೂ ಉಳಿಯೋದೇ ಇಲ್ಲ."

ತಮ್ಮ ಹಟ ಬಿಡಲಿಲ್ಲ. "ಸರಿ, ಎಣಿಸೋದು ಬೇಡ. ಕೋಷ್ಟಕ ಬಾಯಿಪಾಠ ಮಾಡ್ತೀನಿ. ನೂರಕ್ಕೆ ಅರ್ಧ ಹೋದರೆ ಹೋಗಲಿ, ಸಿನಿಮಾ ಟಿಕೆಟ್ ಅಂದುಕೊಂಡೆ."

ಇಲ್ಲಿ ಅಕ್ಕ ಕಾಗದ ಪೆನ್ನು ತೆಗೆದುಕೊಂಡಳು. ಕೈಗೆ ಐದು ರಿಯಾಲ್ ಪಣ, ಗಂಟೆಗೆ 70 ಕೈ. ಒಂದು ಗಂಟೆಯಲ್ಲಿ ಮೇಜಿನ ಮೇಲೆ ಓಡಾಡುವ ಹಣ 350 ರಿಯಾಲ್. ಅದರ ಶೇ ಅರ್ಧ ಎಂದರೆ 1 ರಿಯಾಲ್ 750 ಬೈಸಾ. ಇದು ನಿಜಕ್ಕೂ ಚಿಕ್ಕ ಮೊತ್ತ. ಆದರೆ ಅದೇ ಒಂದು ಗಂಟೆಯಲ್ಲಿ ಅದೃಷ್ಟದ ಏರಿಳಿತ ಸುಮಾರು 48 ರಿಯಾಲಿನಷ್ಟು. 40 ರಿಯಾಲ್ ಗೆದ್ದು ಏಳುವವರೂ ಇರುತ್ತಾರೆ, 50 ಕಳೆದುಕೊಂಡು ಏಳುವವರೂ ಇರುತ್ತಾರೆ. ಒಂದೂಮುಕ್ಕಾಲು ರಿಯಾಲಿನ ಸೋರಿಕೆ ಆ ಅಲೆಯ ಕೆಳಗೆ ಯಾರ ಕಣ್ಣಿಗೂ ಬೀಳುವುದಿಲ್ಲ. ಬ್ಲಾಕ್‌ಜಾಕಿನ ಅಪಾಯ ಇರುವುದೇ ಇಲ್ಲಿ ಎಂಬುದು ಅಕ್ಕನ ವಾದ, ಈ ಲೇಖನದ ವಾದವೂ ಅದೇ. ಸೋಲು ದೊಡ್ಡದಾಗಿ ಕಂಡಿದ್ದರೆ ಜನ ಬೇಗ ಎದ್ದು ಹೋಗುತ್ತಿದ್ದರು. ಚಿಕ್ಕದಾಗಿರುವುದರಿಂದಲೇ ಕೂತಿರುತ್ತಾರೆ.

"ದೊಡ್ಡ ಸೂಪರ್ ಮಾರ್ಕೆಟಿನವರು ಅಕ್ಕಿ ಚೀಲಕ್ಕೆ ಎಷ್ಟು ಲಾಭ ಇಡ್ತಾರೆ? ಚೂರೇ ಚೂರು. ಆದರೆ ದಿನಕ್ಕೆ ಎಷ್ಟು ಚೀಲ ಹೋಗುತ್ತೆ ನೋಡು. ಅವರಿಗೆ ಬೇಕಾಗಿರೋದು ಮಾಲು ಓಡೋದು."

ಹಾಗೆಂದು ಗೆದ್ದವರ ಕಥೆಗಳು ಸುಳ್ಳೆಂದಲ್ಲ. ಒಂದೂ ತಪ್ಪದೆ ಆಡುವವನೊಬ್ಬ 10,000 ಕೈ ಮುಗಿಸಿದ ಎಂದುಕೊಳ್ಳೋಣ. ಸರಾಸರಿ ಲೆಕ್ಕದಲ್ಲಿ ಅವನು 50 ಪಣದಷ್ಟು ಕಳೆದುಕೊಂಡಿರಬೇಕು. ಆದರೆ ಏರಿಳಿತದ ಅಳತೆ 115 ಪಣ. ಹಾಗಾಗಿ ಅಂಥ ಮೂವರಲ್ಲಿ ಒಬ್ಬ ಅಷ್ಟು ಆಡಿದ ಮೇಲೂ ಲಾಭದಲ್ಲೇ ಇರುತ್ತಾನೆ. ಊರಿಗೆ ಬಂದು ಕಥೆ ಹೇಳುವವನು ಅವನೇ, ಉಳಿದಿಬ್ಬರು ಸುಮ್ಮನಿರುತ್ತಾರೆ. ಇನ್ನು ಸಾಮಾನ್ಯ ಆಟಗಾರ ಮಾಡುವ ಅಲ್ಪಸ್ವಲ್ಪ ತಪ್ಪು ಸೇರಿಸಿ ನಷ್ಟ ಶೇ 2 ಎಂದು ಹಿಡಿದರೆ, ಅಷ್ಟೇ ಕೈಗಳ ಬಳಿಕ ಲಾಭದಲ್ಲಿ ಉಳಿಯುವವರು 25 ಜನರಲ್ಲಿ ಒಬ್ಬರು. ಒಂದೂವರೆ ಪರ್ಸೆಂಟಿನ ವ್ಯತ್ಯಾಸ ಮಾಡುವ ಕೆಲಸ ಇದು.

"ಸೋತಾಗಲೆಲ್ಲ ಪಣ ದುಪ್ಪಟ್ಟು ಮಾಡ್ತಾ ಹೋದರೆ? ಒಂದು ಸಲ ಗೆದ್ದರೂ ಎಲ್ಲ ವಾಪಸ್ ಬರುತ್ತಲ್ಲ."

"ಐದು, ಹತ್ತು, ಇಪ್ಪತ್ತು, ನಲವತ್ತು, ಎಂಬತ್ತು, ನೂರ ಅರವತ್ತು, ಮುನ್ನೂರ ಇಪ್ಪತ್ತು. ಏಳು ಸಲ ಸೋತರೆ ಎಷ್ಟಾಯ್ತು? 635 ರಿಯಾಲ್. ಇಷ್ಟೆಲ್ಲ ಎಂಟೆದೆ ಮಾಡಿ ಎಂಟನೆಯ ಸಲ 640 ಕಟ್ಟಿ ಗೆದ್ದರೆ ನಿನಗೆ ಉಳಿಯೋದು ಬರೀ ಐದು. ನಾಣ್ಯ ಚಿಮ್ಮಿದ ಹಾಗೆ ಸಮಸಮವಾದ ಆಟದಲ್ಲೂ 70 ಸಲದೊಳಗೆ ಸತತ ಏಳು ಸೋಲು ಬರುವ ಸಾಧ್ಯತೆ ಐದಕ್ಕೊಂದು. ಅದು ಸಾಲದು ಅಂತ ಮೇಜಿನ ಮೇಲೆ ಗರಿಷ್ಠ ಪಣದ ಮಿತಿ ಬೇರೆ ಬರೆದಿರ್ತಾರೆ. ದುಪ್ಪಟ್ಟು ಮಾಡುವವನು ಅಲ್ಲೇ ಸಿಕ್ಕಿಬೀಳ್ತಾನೆ."

ಈಚೆಗೆ ಆಟದ ನಿಯಮವೂ ಆಡುವವನ ವಿರುದ್ಧ ವಾಲುತ್ತಿದೆ. ಅನೇಕ ಮೇಜುಗಳಲ್ಲಿ ಬ್ಲಾಕ್‌ಜಾಕಿಗೆ ಎರಡಕ್ಕೆ ಮೂರರ ಬದಲು ಐದಕ್ಕೆ ಆರರಂತೆ ಕೊಡುತ್ತಾರೆ. ಹತ್ತು ರಿಯಾಲಿಗೆ ಹದಿನೈದು ಬರುವಲ್ಲಿ ಹನ್ನೆರಡು. ಮೂರು ರಿಯಾಲ್ ತಾನೆ ಎನ್ನಿಸುತ್ತದೆ, ಆದರೆ ಕ್ಯಾಸಿನೋದ ಪಾಲು ಅದೊಂದರಿಂದಲೇ ಶೇ 1.4ರಷ್ಟು ಏರುತ್ತದೆ. ಅರ್ಧ ಇದ್ದದ್ದು ಎರಡರ ಹತ್ತಿರ. ಡೀಲರ್‌ಗೆ ಎಕ್ಕ ಬಿದ್ದಾಗ ಕೇಳುವ 'ಇನ್ಶೂರೆನ್ಸ್' ಕೂಡ ಹೆಸರಿಗೆ ಮಾತ್ರ ವಿಮೆ. ಮುಚ್ಚಿದ ಎಲೆ ಹತ್ತಿನದಾಗಿದ್ದರೆ ಎರಡು ಪಟ್ಟು ಕೊಡುತ್ತಾರೆ. ಅದು ನ್ಯಾಯವಾಗಬೇಕಾದರೆ ಮೂರಕ್ಕೊಮ್ಮೆ ಹತ್ತು ಬರಬೇಕು. ಬರುವುದು ಹದಿಮೂರಕ್ಕೆ ನಾಲ್ಕರಂತೆ. ಕಟ್ಟಿದ ಪ್ರತಿ 13 ರಿಯಾಲಿಗೆ ಒಂದು ರಿಯಾಲ್ ಖೋತಾ.

"ಹಾಗಾದರೆ ಲಾಟರಿಯೇ ವಾಸಿ," ಎಂದ ತಮ್ಮ. "2025ರ ಅಕ್ಟೋಬರಿನಲ್ಲಿ ಅಬುಧಾಬಿಯಲ್ಲಿದ್ದ ನಮ್ಮ ದೇಶದ ಹುಡುಗನಿಗೇ ಹತ್ತು ಕೋಟಿ ದಿರ್ಹಮ್ ಬಂತಲ್ಲ!"

ಯುಎಇ ಲಾಟರಿ ಶುರುವಾದಾಗಿನ ನಿಯಮ ಹೀಗಿತ್ತು: 31 ಅಂಕಿಗಳಲ್ಲಿ ಆರು, ಜೊತೆಗೆ 12ರಲ್ಲಿ ಒಂದು ಹೊಂದಬೇಕು. ಒಟ್ಟು ಸಾಧ್ಯತೆಗಳು 88,35,372. ಟಿಕೆಟಿಗೆ 50 ದಿರ್ಹಮ್. ದೊಡ್ಡ ಬಹುಮಾನವನ್ನು ಅಷ್ಟೂ ಟಿಕೆಟುಗಳಿಗೆ ಹಂಚಿದರೆ ಒಂದೊಂದಕ್ಕೆ ಹನ್ನೊಂದು ದಿರ್ಹಮ್ ಚಿಲ್ಲರೆ. ಮಸ್ಕತ್ತಿನಿಂದ ದುಬೈ ಮೂಲಕ ಊರಿಗೆ ಹೋಗುವವರು ವಿಮಾನ ನಿಲ್ದಾಣದ ಡ್ಯೂಟಿ ಫ್ರೀಯಲ್ಲಿ ಕೊಳ್ಳುವ ಮಿಲೇನಿಯಂ ಮಿಲಿಯನೇರ್ ಟಿಕೆಟ್ ಇದಕ್ಕಿಂತ ಎಷ್ಟೋ ಮೇಲು: ಸಾವಿರ ದಿರ್ಹಮಿನ 5,000 ಟಿಕೆಟು, ಹತ್ತು ಲಕ್ಷ ಡಾಲರ್ ಬಹುಮಾನ. 50 ಲಕ್ಷ ದಿರ್ಹಮ್ ಒಳಬಂದರೆ ಹೊರಹೋಗುವುದು ಸುಮಾರು 36.7 ಲಕ್ಷ. ನೂರಕ್ಕೆ 73 ಮರಳುತ್ತದೆ. ಬ್ಲಾಕ್‌ಜಾಕಿನಲ್ಲಿ 99.5 ಮರಳುತ್ತದೆ, ನಿಜ. ಆದರೆ ಲಾಟರಿ ಟಿಕೆಟ್ ಕೊಂಡವನು ಅದನ್ನು ಜೇಬಿನಲ್ಲಿಟ್ಟು ಕೆಲಸಕ್ಕೆ ಹೋಗುತ್ತಾನೆ. ಇಸ್ಪೀಟಿನ ಮೇಜಿನಲ್ಲಿ ಅದೇ ನೂರು ರಿಯಾಲ್ ಒಂದು ಸಂಜೆಯೊಳಗೆ ಹತ್ತಾರು ಸಲ ತಿರುಗಿ ತಿರುಗಿ ಪಣಕ್ಕೆ ಬೀಳುತ್ತದೆ, ಪ್ರತಿ ಸುತ್ತಿನಲ್ಲೂ ಅರ್ಧ ಪರ್ಸೆಂಟ್ ಸವೆಯುತ್ತದೆ.

ಫೋನಿನಲ್ಲಿ ಈ ತಿರುಗಾಟಕ್ಕೆ ಲಗಾಮೇ ಇಲ್ಲ. ಎಲೆ ಕಲಸುವವರಿಲ್ಲ, ಪಕ್ಕದವನ ಸರದಿಗೆ ಕಾಯುವುದಿಲ್ಲ. ನಿಮಿಷಕ್ಕೆ ಐದು ಕೈ ಎಂದರೂ ಗಂಟೆಗೆ 300.

ಅಷ್ಟು ಹೊತ್ತು ವಾದ ಮಾಡುತ್ತಿದ್ದ ತಮ್ಮ ಇಲ್ಲಿ ದನಿ ತಗ್ಗಿಸಿದ. "ನನ್ನ ರೂಮಿನವನೊಬ್ಬ ಹೀಗೇ ಆದ ಅಕ್ಕ. ರಾತ್ರಿ ಪಾಳಿ ಮುಗಿಸಿ ಬಂದು ಮಲಗದೆ ಆಡ್ತಿದ್ದ. ಆರು ತಿಂಗಳು ಮನೆಗೆ ದುಡ್ಡು ಕಳಿಸಲಿಲ್ಲ. ಅವನ ಅಪ್ಪ ನನಗೆ ಫೋನ್ ಮಾಡಿ ಮಗನಿಗೆ ಸಂಬಳ ಆಗ್ತಿಲ್ವಾ ಅಂತ ಕೇಳಿದರು."

"ನೀನು ಏನಂದೆ?"

"ಏನೂ ಹೇಳೋಕೆ ಬಾಯಿ ಬರಲಿಲ್ಲ."

ಅಕ್ಕ ಎಲೆಗಳನ್ನು ಜೋಡಿಸಿ ಪಕ್ಕಕ್ಕಿಟ್ಟಳು. "ಆ ಹುಡುಗನಿಗೆ ನನ್ನ ಕೋಷ್ಟಕದಿಂದ ಏನೂ ಆಗಬೇಕಾಗಿಲ್ಲ ಕಣೋ. ಅವನು ಲೆಕ್ಕ ಗೊತ್ತಿಲ್ಲದೆ ಆಡಿದ್ದಲ್ಲ. ನಿಲ್ಲಿಸೋಕೆ ಆಗದೆ ಆಡಿದ್ದು. ಅವನಿಗೆ ಬುದ್ಧಿ ಹೇಳಬೇಡ, ಡಾಕ್ಟರ ಹತ್ತಿರ ಕರಕೊಂಡು ಹೋಗು. ಅವರಪ್ಪನಿಗೂ ನಿಜ ಹೇಳು."

ಭಾರತದಲ್ಲಿ ಕಾನೂನು ಹಣ ಕಟ್ಟಿ ಆಡುವ ಆಟಗಳ ವಿಷಯದಲ್ಲಿ ಬಹಳ ದಿನ ತೂಗುಯ್ಯಾಲೆಯಾಡಿತು. ರಮ್ಮಿ ಕೌಶಲದ ಆಟವೆಂದು ಸುಪ್ರೀಂ ಕೋರ್ಟ್ 1967ರಲ್ಲೇ ಹೇಳಿತ್ತು. ಹಣ ಕಟ್ಟಿ ಆಡುವ ಆನ್‌ಲೈನ್ ಆಟಗಳನ್ನು ಕರ್ನಾಟಕ 2021ರಲ್ಲಿ ನಿಷೇಧಿಸಿದಾಗ, ಆ ತಿದ್ದುಪಡಿಯ ಮುಖ್ಯ ಭಾಗಗಳನ್ನು ಹೈಕೋರ್ಟ್ 2022ರ ಫೆಬ್ರುವರಿಯಲ್ಲಿ ರದ್ದು ಮಾಡಿತು. 2025ರ ಆಗಸ್ಟಿನಲ್ಲಿ ಕೇಂದ್ರದ ಹೊಸ ಕಾಯ್ದೆ, ಕೌಶಲವೋ ಅದೃಷ್ಟವೋ ಎಂದು ನೋಡದೆ, ಹಣದ ಆನ್‌ಲೈನ್ ಆಟಗಳನ್ನೆಲ್ಲ ನಿಷೇಧಿಸಿತು. ನಡೆಸುವವರಿಗೆ ಮೂರು ವರ್ಷದವರೆಗೆ ಜೈಲು, ಒಂದು ಕೋಟಿ ರೂಪಾಯಿವರೆಗೆ ದಂಡ. ಆಡುವವನನ್ನು ಆ ಕಾಯ್ದೆ ಅಪರಾಧಿಯೆಂದು ಕಾಣುವುದಿಲ್ಲ. ಇದು ಸರಿಯಾದ ತೀರ್ಮಾನ.

ಬೆಂಗಳೂರಿನ ನಿಮ್ಹಾನ್ಸ್‌ನಲ್ಲಿ ಮೊಬೈಲ್ ಮತ್ತು ಆನ್‌ಲೈನ್ ಆಟಗಳ ಚಟಕ್ಕೆಂದೇ 'ಶಟ್' ಎಂಬ ಕ್ಲಿನಿಕ್ 2014ರಿಂದ ನಡೆಯುತ್ತಿದೆ. 2022ರ ಅಕ್ಟೋಬರಿನಲ್ಲಿ ಶುರುವಾದ ಟೆಲಿ ಮನಸ್ ಸಹಾಯವಾಣಿಯ ಸಂಖ್ಯೆ 14416. ಕರೆಗೆ ಶುಲ್ಕವಿಲ್ಲ, ಕನ್ನಡದಲ್ಲೇ ಮಾತಾಡಬಹುದು. ಗಲ್ಫಿನಲ್ಲಿರುವ ಮಗನದೋ ಗಂಡನದೋ ಹಣ ಕಾರಣವಿಲ್ಲದೆ ಬರುವುದು ನಿಂತಿದ್ದರೆ, ಜೂಜಿನ ಅನುಮಾನವಿದ್ದರೆ, ಅವರ ಮೇಲೆ ಸಿಟ್ಟಾಗುವ ಮೊದಲು ಊರಿನಲ್ಲಿರುವ ಮನೆಯವರು ಈ ಸಂಖ್ಯೆಗೆ ಒಮ್ಮೆ ಕರೆ ಮಾಡಿ ಕೇಳಿ.